ಮೊದಲು ಮೀಸೆ ನೋಡಿ

ಕರಾವಳಿಯ ಗೇರು ತೋಟಗಳಲ್ಲಿ ಬೀಜ ಹೆಕ್ಕುವವರಿಗೆ ಚಗಳಿ ಇರುವೆಯ ಪರಿಚಯ ಮಾಡಿಕೊಡಬೇಕಿಲ್ಲ. ಹಸಿರೆಲೆಗಳನ್ನು ಜೋಡಿಸಿ ಹೊಲಿದ ಅದರ ಗೂಡಿಗೆ ಮೊಣಕೈ ತಾಗಿದರೆ ಸಾಕು, ಹತ್ತಾರು ಇರುವೆಗಳು ತೋಳಿಗೇರಿ ಕಚ್ಚುತ್ತವೆ; ಕಚ್ಚಿದ ಗಾಯಕ್ಕೆ ಹೊಟ್ಟೆ ಬಾಗಿಸಿ ಫಾರ್ಮಿಕ್ ಆಮ್ಲವನ್ನೂ ಚಿಮ್ಮಿಸುತ್ತವೆ. ಮಲೆನಾಡಿನಲ್ಲಿ ಇದೇ ಹುಳಿಗಾಗಿ ಚಗಳಿ ಚಟ್ನಿ ಅರೆಯುತ್ತಾರೆ. ಕೀಟ ತಿನ್ನುವ ಪ್ರಾಣಿಗಳಲ್ಲಿ ಹೆಚ್ಚಿನವು ಇವುಗಳ ತಂಟೆಗೆ ಬರುವುದಿಲ್ಲ. ಎಲ್ಲರೂ ಹಿಂಜರಿಯುವ ಈ ಇರುವೆ ಸಾಲಿನ ಆಸುಪಾಸಿನಲ್ಲಿ, ಅದೇ ಕಿತ್ತಳೆಗೆಂಪು ಬಣ್ಣದ, ಹೆಚ್ಚುಕಡಿಮೆ ಅಷ್ಟೇ ಗಾತ್ರದ, ಅಷ್ಟೇ ಚುರುಕಾಗಿ ಓಡಾಡುವ ಇನ್ನೊಂದು ಜೀವಿ ಇರುವುದುಂಟು. ಕಡ್ಡಿಯ ತುದಿಯಿಂದ ಅದನ್ನು ಮೆಲ್ಲಗೆ ತಟ್ಟಿ ನೋಡಿ. ಚಗಳಿಯಾದರೆ ಎಲೆಯನ್ನು ಇನ್ನಷ್ಟು ಬಿಗಿಯಾಗಿ ಹಿಡಿಯುತ್ತದೆ, ಇಲ್ಲವೇ ಕಡ್ಡಿಯನ್ನೇ ಕಚ್ಚುತ್ತದೆ. ಇದು ಎಲೆಯಂಚಿನಿಂದ ಜಾರಿ, ನೆಲಕ್ಕೆ ಬೀಳದೆ, ಗಾಳಿಯಲ್ಲಿ ನೇತಾಡುತ್ತದೆ. ಹಿಂಭಾಗದಿಂದ ಹೊರಟ ಎಳೆಯೊಂದು ಅದನ್ನು ಹಿಡಿದು ನಿಲ್ಲಿಸಿರುತ್ತದೆ.

ಅದು ಜೇಡ. ವಿಜ್ಞಾನಿಗಳು ಇಟ್ಟ ಹೆಸರು ಮಿರ್ಮಪ್ಲಾಟಾ ಪ್ಲಾಟಲಿಯಾಯಿಡಿಸ್. ನಮ್ಮ ಮನೆಯ ಗೋಡೆಗಳ ಮೇಲೆ ಟಣ್ಣನೆ ನೆಗೆದು ನೊಣ ಹಿಡಿಯುವ ಪುಟ್ಟ ಜೇಡಗಳ ಕುಟುಂಬಕ್ಕೇ ಸೇರಿದ್ದು. ಇರುವೆ ತಿನ್ನುವುದಕ್ಕೆಂದು ಅದು ವೇಷ ಹಾಕಿಲ್ಲ. ಚಗಳಿ ಹತ್ತಿರ ಬಂದರೆ ತಪ್ಪಿಸಿಕೊಂಡು ಓಡುತ್ತದೆ. ಚಗಳಿಗೆ ಹೆದರುವ ಪ್ರಾಣಿಗಳು ತನಗೂ ಹೆದರಲಿ ಎಂಬುದಷ್ಟೇ ಅದರ ಲೆಕ್ಕ. ದಕ್ಷಿಣ ಅಮೆರಿಕದ ಕಾಡುಗಳ ಚಿಟ್ಟೆಗಳನ್ನು ನೋಡಿ ಹೆನ್ರಿ ವಾಲ್ಟರ್ ಬೇಟ್ಸ್ 1862ರಲ್ಲಿ ವಿವರಿಸಿದ ಅನುಕರಣೆ ಇದೇ.

ಜೇಡವನ್ನೂ ಕೀಟವನ್ನೂ ಬೇರೆಮಾಡಿ ಗುರುತಿಸುವುದು ಹೇಗೆಂದು ಮಕ್ಕಳು ಕೇಳಿದರೆ ನಾನು ಈ ಜೇಡದಿಂದಲೇ ಶುರುಮಾಡುತ್ತೇನೆ. ಕೀಟದಂತೆ ಕಾಣಬೇಕಾದರೆ ಜೇಡ ಏನೇನು ಮುಚ್ಚಿಡಬೇಕು, ಏನೇನು ಇಲ್ಲದ್ದನ್ನು ಹುಟ್ಟಿಸಿಕೊಳ್ಳಬೇಕು ಎನ್ನುವುದರಲ್ಲಿ ಎರಡರ ಅಂತರವೆಲ್ಲ ಬಂದುಹೋಗುತ್ತದೆ. ಇರುವೆಯ ಮೈ ತಲೆ, ಎದೆ, ಹೊಟ್ಟೆ ಎಂದು ಮೂರು ಭಾಗ. ಜೇಡದ್ದು ಎರಡೇ, ತಲೆ ಮತ್ತು ಎದೆ ಬೆಸೆದುಕೊಂಡು ಒಂದಾಗಿರುತ್ತವೆ. ಹಾಗಾಗಿ ಈ ವೇಷಧಾರಿಯ ಮುಂಭಾಗದ ನಡುವೆ ಒಂದು ಹಿಸುಕು ಮೂಡಿದೆ. ಒಂದೇ ಭಾಗ ಎರಡಾಗಿ ತೋರುತ್ತದೆ. ಇರುವೆಗೆ ತಲೆಯ ಎರಡೂ ಬದಿಯಲ್ಲಿ ನೂರಾರು ಸಣ್ಣ ಮಸೂರಗಳು ಕೂಡಿದ ಸಂಯುಕ್ತ ಕಣ್ಣು. ಜೇಡಕ್ಕೆ ಅಂಥ ಕಣ್ಣಿಲ್ಲ, ಒಂದೊಂದು ಮಸೂರದ ಬಿಡಿ ಕಣ್ಣುಗಳಷ್ಟೇ. ಆ ಕೊರತೆ ತುಂಬಲು ತಲೆಯ ಅಕ್ಕಪಕ್ಕ ಕಪ್ಪು ಮಚ್ಚೆಗಳಿವೆ. ಇರುವೆಗೆ ಆರು ಕಾಲು ಮತ್ತು ಮುಂದೆ ಮೊಣಕೈಯಂತೆ ಬಾಗಿದ ಎರಡು ಮೀಸೆ. ಜೇಡಕ್ಕೆ ಕಾಲು ಎಂಟು, ಮೀಸೆ ಇಲ್ಲವೇ ಇಲ್ಲ. ಅದು ಮುಂದಿನ ಎರಡು ಕಾಲುಗಳನ್ನು ಮೇಲೆತ್ತಿ ಮೀಸೆಯಂತೆ ಆಡಿಸುತ್ತದೆ. ಒಂದೇ ಉಪಾಯದಲ್ಲಿ ಹೆಚ್ಚುವರಿ ಕಾಲೂ ಮರೆಯಾಯಿತು, ಇಲ್ಲದ ಮೀಸೆಯೂ ಬಂತು.

ಹಾಗಾದರೆ ಈ ಜೇಡಗಳು ಆರೇ ಕಾಲಲ್ಲಿ ನಡೆಯುತ್ತವೆಯೇ? ಇದರ ಹತ್ತಿರದ ಸಂಬಂಧಿಯಾದ ಮಿರ್ಮರಾಕ್ನೆ ಫಾರ್ಮಿಕೇರಿಯಾ ಎಂಬ ಜೇಡವನ್ನು ಅತಿವೇಗದ ಕ್ಯಾಮೆರಾಗಳಿಂದ ಚಿತ್ರೀಕರಿಸಿ ಅಮೆರಿಕದ ವಿಜ್ಞಾನಿಗಳು 2017ರಲ್ಲಿ ಉತ್ತರ ಪ್ರಕಟಿಸಿದರು. ನಡೆಯುವಾಗ ಎಂಟೂ ಕಾಲುಗಳು ನೆಲಕ್ಕೆ ತಾಗುತ್ತವೆ. ನಡುನಡುವೆ ಸೆಕೆಂಡಿನ ಹತ್ತನೇ ಒಂದು ಭಾಗದಷ್ಟು ಹೊತ್ತು ಅದು ನಿಲ್ಲುತ್ತದೆ, ಆ ನಿಲುಗಡೆಯಲ್ಲಷ್ಟೇ ಮುಂಗಾಲು ಎತ್ತಿ ಆಡಿಸುತ್ತದೆ. ಅಷ್ಟು ಸಣ್ಣ ಬಿಡುವನ್ನು ನಮ್ಮ ಕಣ್ಣು ಹಿಡಿಯಲಾರದು. ಆರು ಕಾಲಲ್ಲಿ ಓಡುತ್ತ ಮೀಸೆ ಆಡಿಸುತ್ತಿದೆ ಎಂದೇ ಕಾಣುತ್ತದೆ. ನಡಿಗೆಯ ಜಾಡೂ ನೇರವಲ್ಲ. ವಾಸನೆಯ ಗೆರೆ ಹಿಡಿದು ಹೋಗುವ ಇರುವೆಯಂತೆ ಅತ್ತಿತ್ತ ಓಲಾಡುತ್ತ ಸಾಗುತ್ತದೆ.

ಮಿರ್ಮಪ್ಲಾಟಾ ಗಂಡಿನ ಕಥೆ ಇನ್ನೂ ಸೋಜಿಗದ್ದು. ಪ್ರಾಯಕ್ಕೆ ಬಂದ ಗಂಡಿನ ಕೋರೆದವಡೆಗಳು ಮೈಯ ಉಳಿದ ಭಾಗಕ್ಕೆ ಹೋಲಿಸಿದರೆ ವಿಪರೀತ ಉದ್ದ; ಬೇರೆ ಗಂಡುಗಳೊಂದಿಗೆ ಕಾದಾಡಲು ಬೇಕಾದ ಆಯುಧ ಅವು. ಇಷ್ಟುದ್ದದ ಕೋರೆ ಹೊತ್ತ ಮೇಲೆ ಇರುವೆಯ ವೇಷ ಕೆಡಬೇಕಿತ್ತು. ಕೆಟ್ಟಿಲ್ಲ. ದವಡೆಯಲ್ಲಿ ಇನ್ನೊಂದನ್ನು ಕಚ್ಚಿಕೊಂಡು ಸಾಗುವ ಇರುವೆಯಂತೆ ಅದು ತೋರುತ್ತದೆ. ಕ್ಸಿಮೆನಾ ನೆಲ್ಸನ್ ಮತ್ತು ರಾಬರ್ಟ್ ಜಾಕ್ಸನ್ 2006ರಲ್ಲಿ ಪ್ರಕಟಿಸಿದ ಅಧ್ಯಯನ ಇದಕ್ಕೆ ತೆರಬೇಕಾದ ಬೆಲೆಯನ್ನೂ ತೋರಿಸಿತು. ಇರುವೆಗೆ ಹೆದರುವ ಬೇಟೆಗಾರರಿಂದ ಗಂಡು ಪಾರಾಗುತ್ತದೆ. ಆದರೆ ಬಾಯಲ್ಲಿ ಹೊರೆ ಇರುವ, ಅಂದರೆ ತಿರುಗಿ ಕಚ್ಚಲಾರದ ಇರುವೆಗಳನ್ನೇ ಹುಡುಕಿ ಹಿಡಿಯುವ ಬೇಟೆಗಾರರ ಕಣ್ಣಿಗೆ ಬೀಳುತ್ತದೆ. ವೇಷ ಚೆನ್ನಾಗಿದ್ದುದೇ ಅಲ್ಲಿ ಕುತ್ತು.

ಕಾಲು ಎಣಿಸಿದರೆ ಸಾಲದು

ಕೀಟಕ್ಕೆ ಆರು ಕಾಲು, ಜೇಡಕ್ಕೆ ಎಂಟು. ಶಾಲೆಯಲ್ಲಿ ನಾವೆಲ್ಲ ಬಾಯಿಪಾಠ ಮಾಡಿದ್ದು ಇದನ್ನೇ. ಈ ಸೂತ್ರ ತಪ್ಪೇನಲ್ಲ. ಆದರೆ ತೋಟಕ್ಕೆ ಇಳಿದು ಎಣಿಸತೊಡಗಿದರೆ ಅದು ಎಷ್ಟು ಬೇಗ ಕೈಕೊಡುತ್ತದೆ ಎಂಬುದನ್ನು ನಾಲ್ಕು ಉದಾಹರಣೆಗಳಲ್ಲಿ ಹೇಳಬಹುದು, ನಾಲ್ಕೂ ನಮ್ಮ ನಾಡಿನವೇ.

ಹೂವಿನ ಮೇಲೆ ಕುಳಿತ ಬ್ಲೂ ಟೈಗರ್ ಚಿಟ್ಟೆಯ ಕಾಲು ಎಣಿಸಿ. ನಾಲ್ಕೇ ಸಿಗುತ್ತವೆ. ಈ ಕುಟುಂಬದ ಚಿಟ್ಟೆಗಳ ಮುಂದಿನ ಎರಡು ಕಾಲು ಮೋಟಾಗಿ, ರೋಮ ತುಂಬಿ, ಎದೆಗೆ ಒತ್ತಿಕೊಂಡಿರುತ್ತವೆ. ನಡೆಯಲು ಅವು ಬಳಕೆಯಾಗುವುದಿಲ್ಲ. ರಾಮನಗರದ ಕಡೆ ತಟ್ಟೆಯಲ್ಲಿ ಹಿಪ್ಪುನೇರಳೆ ಸೊಪ್ಪು ಮೇಯುವ ರೇಷ್ಮೆ ಹುಳುವಿಗೆ ಹದಿನಾರು ಕಾಲು ಸಿಗುತ್ತವೆ. ಎದೆಯ ಮೂರು ಜೊತೆ ಮಾತ್ರ ನಿಜವಾದ ಕಾಲು, ಹಿಂದಿನ ಐದು ಜೊತೆ ಸೊಪ್ಪನ್ನು ಹಿಡಿದು ನಿಲ್ಲಲು ಇರುವ ಮಾಂಸಲ ಗುಬುಟುಗಳು. ಚಿಟ್ಟೆಯೂ ಕೀಟ, ರೇಷ್ಮೆ ಹುಳುವೂ ಕೀಟ.

ಇನ್ನು ಎಂಟು ಕಾಲಿನ ಬಳಗದತ್ತ ಬನ್ನಿ. ಜೇಡ, ಚೇಳು, ಉಣುಗು, ನುಸಿ ಎಲ್ಲವೂ ಅರಾಕ್ನಿಡಾ ಎಂಬ ಒಂದೇ ವರ್ಗದವು. ಮೊಟ್ಟೆಯಿಂದ ಹೊರಬಂದ ಉಣುಗಿನ ಮರಿಗೆ ಕಾಲು ಆರೇ. ಒಂದು ಸಲ ರಕ್ತ ಹೀರಿ ಪೊರೆ ಕಳಚಿದ ಮೇಲಷ್ಟೇ ಎಂಟಾಗುತ್ತವೆ. ಮುಂಗಾರಿನ ಮೊದಲ ಮಳೆಗೆ ಕೆಂಪು ಮಕಮಲ್ಲು ಹೊದ್ದು ಹೊಲದಲ್ಲಿ ಕಾಣಿಸಿಕೊಳ್ಳುವ ಇಂದ್ರಗೋಪವೂ ಇದೇ ಬಳಗದ್ದು, ಅದರ ಮರಿಗೂ ಆರೇ ಕಾಲು. ನಾಲ್ಕನೆಯದು ತೆಂಗು ಬೆಳೆಗಾರರಿಗೆ ಚೆನ್ನಾಗಿ ಗೊತ್ತಿರುವ ನುಸಿ. 1998ರಲ್ಲಿ ಕೇರಳದಲ್ಲಿ ಕಾಣಿಸಿಕೊಂಡು, ಅಲ್ಲಿಂದ ನಮ್ಮ ತೋಟಗಳಿಗೂ ಹರಡಿ, ಎಳೆಗಾಯಿಯ ತೊಟ್ಟಿನಡಿ ಸೇರಿ ಕಾಯಿಯನ್ನು ಸುಕ್ಕುಗಟ್ಟಿಸಿದ ಈ ಜೀವಿ ಬರಿಗಣ್ಣಿಗೆ ಕಾಣದಷ್ಟು ಸಣ್ಣದು. ಭೂತಗನ್ನಡಿಯಡಿ ಉದ್ದನೆಯ ಬಿಳಿ ಹುಳುವಿನಂತೆ ಕಾಣುತ್ತದೆ, ಕಾಲು ಇರುವುದು ನಾಲ್ಕೇ. ಆದರೂ ಅದು ಜೇಡದ ದೂರದ ಬಂಧು, ಕೀಟವಲ್ಲ. ಈ ಭೇದ ಕೃಷಿಕರ ಜೇಬಿಗೂ ಸಂಬಂಧಿಸಿದ್ದು. ನುಸಿಗೆ ಕೀಟನಾಶಕ ಹೊಡೆದರೆ ಎಷ್ಟೋ ಸಲ ನುಸಿಯನ್ನು ತಿನ್ನುತ್ತಿದ್ದ ಜೀವಿಗಳು ಸಾಯುತ್ತವೆ, ನುಸಿ ಉಳಿದು ಇನ್ನಷ್ಟು ಹೆಚ್ಚುತ್ತದೆ. ಅಂಗಡಿಯಲ್ಲಿ ನುಸಿನಾಶಕ ಎಂದು ಬೇರೆಯೇ ಔಷಧಿ ಇರುವುದು ಅದಕ್ಕಾಗಿ.

ಕಾಲು ಮುರಿದುಹೋಗಿರುವ ಸಾಧ್ಯತೆಯೂ ಇದೆ. ಶತ್ರುವಿನ ಹಿಡಿತಕ್ಕೆ ಸಿಕ್ಕ ಕಾಲನ್ನು ಬಿಟ್ಟು ಓಡಿದ ಏಳು ಕಾಲಿನ, ಆರು ಕಾಲಿನ ಜೇಡಗಳು ಅಪರೂಪವೇನಲ್ಲ.

ಆದ್ದರಿಂದ ನನ್ನ ಸಲಹೆ ಇಷ್ಟು: ಕಾಲು ಎಣಿಸುವ ಮೊದಲು ಮೀಸೆ ನೋಡಿ. ಬೆಳೆದ ಕೀಟಕ್ಕೆ ತಲೆಯ ಮೇಲೆ ಒಂದು ಜೊತೆ ಕುಡಿಮೀಸೆ ಇರುತ್ತದೆ. ಜಿರಲೆಯದು ಮೈಗಿಂತ ಉದ್ದ, ಚಿಟ್ಟೆಯದು ತುದಿಯಲ್ಲಿ ದಪ್ಪ, ಗಂಡು ರೇಷ್ಮೆ ಪತಂಗದ್ದು ಬಾಚಣಿಗೆ. ಜೇಡಕ್ಕಾಗಲಿ ಚೇಳಿಗಾಗಲಿ ಉಣುಗಿಗಾಗಲಿ ಮೀಸೆ ಇಲ್ಲ. ನೊಣ ಮತ್ತು ಏರೋಪ್ಲೇನ್ ಚಿಟ್ಟೆಯ ಮೀಸೆ ಕೂದಲಿನಷ್ಟು ಚಿಕ್ಕದು, ಕಾಣುವುದು ಕಷ್ಟ. ಆದರೆ ಅವಕ್ಕೆ ರೆಕ್ಕೆಗಳಿರುತ್ತವೆ, ಜೇಡದ ಬಳಗದಲ್ಲಿ ರೆಕ್ಕೆ ಯಾರಿಗೂ ಇಲ್ಲ. ಜೇಡದ ಬಾಯಿಯ ಪಕ್ಕದಲ್ಲಿ ಮೀಸೆಯೆಂದು ಭ್ರಮೆ ಹುಟ್ಟಿಸುವ ಒಂದು ಜೊತೆ ಗಿಡ್ಡ ಅಂಗಗಳಿವೆ. ನೋಡಲು ಪುಟ್ಟ ಕಾಲುಗಳಂತೆಯೇ ಇರುತ್ತವೆ. ಪ್ರಾಯದ ಗಂಡಿನಲ್ಲಿ ಅವುಗಳ ತುದಿ ಉಬ್ಬಿ ಗುಂಡಾಗಿರುತ್ತದೆ. ಗಂಡು ತನ್ನ ವೀರ್ಯವನ್ನು ಆ ಉಬ್ಬಿನಲ್ಲಿ ತುಂಬಿಕೊಂಡು ಹೆಣ್ಣಿಗೆ ತಲುಪಿಸುತ್ತದೆ. ಚೇಳಿನಲ್ಲಿ ಇದೇ ಅಂಗಗಳು ಬೆಳೆದು ಇಕ್ಕಳಗಳಾಗಿವೆ.

ಎಂಟು ಕಾಲಿದ್ದು ಮೀಸೆ ಇಲ್ಲದ್ದೆಲ್ಲ ಜೇಡವೂ ಅಲ್ಲ. ಪಶ್ಚಿಮ ಘಟ್ಟದ ತೇವದ ಬಂಡೆಗಳ ಮೇಲೆ, ಹಳೆಯ ಕಟ್ಟಡಗಳ ಕತ್ತಲ ಮೂಲೆಗಳಲ್ಲಿ ನೂಲಿನಂಥ ಉದ್ದ ಕಾಲುಗಳ ಜೀವಿಗಳು ಹಿಂಡುಹಿಂಡಾಗಿ ಕೂತಿರುತ್ತವೆ. ಹತ್ತಿರ ಹೋದರೆ ಇಡೀ ಹಿಂಡು ಮೇಲೆ ಕೆಳಗೆ ಜಗ್ಗಾಡುತ್ತದೆ. ಅವಕ್ಕೆ ಸೊಂಟವೇ ಇಲ್ಲ, ಮೈ ಒಂದೇ ಉಂಡೆ, ಕಣ್ಣು ಎರಡು. ಬಲೆ ನೇಯುವುದಿಲ್ಲ, ವಿಷವೂ ಇಲ್ಲ. ಒಪಿಲಿಯೋನಿಸ್ ಎಂಬ ಬೇರೆಯದೇ ಗಣದ ಬಡಪಾಯಿಗಳು. ಜೇಡವೆಂಬ ತಪ್ಪು ತಿಳಿವಳಿಕೆಗೆ ಪೊರಕೆಯೇಟು ತಿನ್ನುತ್ತವೆ.

ಮೂಗಾದ ಮುಂಗಾಲು

ಇರುವೆಯ ಬದುಕು ಬಹುಪಾಲು ವಾಸನೆಯಲ್ಲಿ ನಡೆಯುತ್ತದೆ. ದಾರಿ ಯಾವುದು, ಎದುರಿಗೆ ಬಂದದ್ದು ನಮ್ಮ ಗೂಡಿನದೋ ಪರಕೀಯವೋ, ಸತ್ತಿದೆಯೋ ಬದುಕಿದೆಯೋ ಎಂಬುದನ್ನೆಲ್ಲ ಅದು ಮೀಸೆಯಿಂದ ಮುಟ್ಟಿ ಮೂಸಿ ತಿಳಿಯುತ್ತದೆ. ಮಿರ್ಮಪ್ಲಾಟಾ ಹಕ್ಕಿಯ ಕಣ್ಣನ್ನು ವಂಚಿಸಬಹುದು, ಚಗಳಿಯ ಮೀಸೆಯನ್ನು ವಂಚಿಸುವುದು ಬೇರೆಯೇ ಕೆಲಸ. ಆಸ್ಟ್ರೇಲಿಯಾದ ಕಾಸ್ಮೊಫೇಸಿಸ್ ಬೈಟಿನಿಯೇಟಾ ಎಂಬ ಇನ್ನೊಂದು ನೆಗೆಯುವ ಜೇಡ ಅದನ್ನೂ ಸಾಧಿಸಿದೆ. ಅದು ಚಗಳಿಯ ಮರಿಗಳನ್ನು ತಿಂದು ಆ ಗೂಡಿನ ವಾಸನೆಯನ್ನೇ ಮೈಗೂಡಿಸಿಕೊಂಡು ಗೂಡಿನೊಳಗೆ ಓಡಾಡಿಕೊಂಡಿರುತ್ತದೆ.

ಮೀಸೆಯೇ ಇಲ್ಲದ ಬಳಗ ವಾಸನೆಯನ್ನೂ ಸ್ಪರ್ಶವನ್ನೂ ಹೇಗೆ ಅರಿಯುತ್ತದೆ? ಕಾಲುಗಳಿಂದ. ಜೇಡದ ಕಾಲಿನ ತುಂಬ ಕೂದಲುಗಳಿವೆ. ಕೆಲವು ಅತಿ ಸೂಕ್ಷ್ಮ ಗಾಳಿಯ ಅಲೆಗೂ ಅಲುಗಿ ನೊಣ ಹಾರಿದ ದಿಕ್ಕನ್ನು ತಿಳಿಸುತ್ತವೆ, ಪಾದದ ಬಳಿಯವು ಮೆಟ್ಟಿದ್ದರ ರುಚಿ ನೋಡುತ್ತವೆ. ಕಾಲಿನ ಹೊರಕವಚದಲ್ಲಿರುವ ಕೂದಲೆಳೆಯಷ್ಟು ಸಣ್ಣ ಸೀಳುಗಳು ಬಲೆಯ ಕಂಪನವನ್ನು ಹಿಡಿಯುತ್ತವೆ. ಬಲೆಯ ನಡುವೆ ಕಾಲು ಚಾಚಿ ಕೂತ ಜೇಡ ಸುಮ್ಮನೆ ಕೂತಂತೆ ನಮಗೆ ಕಂಡರೂ ಎಂಟೂ ಕಾಲುಗಳಿಂದ ಆಲಿಸುತ್ತಿರುತ್ತದೆ. ಒಪಿಲಿಯೋನಿಸ್‌ನಲ್ಲಿ ಎರಡನೇ ಜೊತೆ ಕಾಲು ಎಲ್ಲಕ್ಕಿಂತ ಉದ್ದ, ಅದು ಮುಂದೆ ತಡವುತ್ತ ಹೋಗಲಿಕ್ಕೆ.

ಈ ಮುಂಗಾಲಿನ ವಿದ್ಯೆ ಮನುಷ್ಯರ ಬದುಕನ್ನು ಕ್ರೂರವಾಗಿ ತಟ್ಟಿದ್ದನ್ನು ನಮ್ಮ ಮಲೆನಾಡು ಕಂಡಿದೆ. 1957ರಲ್ಲಿ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ ಮಂಗಗಳು ಸಾಯತೊಡಗಿದವು. ಸುತ್ತಲಿನ ಊರುಗಳ ಜನರಿಗೆ ತೀವ್ರ ಜ್ವರ, ರಕ್ತಸ್ರಾವ. ಪುಣೆಯ ವೈರಸ್ ಸಂಶೋಧನಾ ಕೇಂದ್ರದ ಟೆಲ್ಫೋರ್ಡ್ ವರ್ಕ್, ಹೆರಾಲ್ಡ್ ಟ್ರಾಪಿಡೊ ಮತ್ತು ಸಂಗಡಿಗರು ಅದು ಹೊಸ ವೈರಸ್ಸೆಂದೂ ಉಣುಗುಗಳಿಂದ ಹರಡುತ್ತದೆಂದೂ ಕಂಡುಕೊಂಡರು. ಆ ಕಾಡಿನ ಹೆಸರೇ ಕಾಯಿಲೆಗೆ ಅಂಟಿತು; ಜನರ ಬಾಯಲ್ಲಿ ಅದು ಮಂಗನ ಕಾಯಿಲೆ. ಮುಖ್ಯ ವಾಹಕ ಹೀಮಾಫೈಸಾಲಿಸ್ ಸ್ಪಿನಿಜೆರಾ ಎಂಬ ಉಣುಗು.

ಉಣುಗು ಹಾರುವುದಿಲ್ಲ, ನೆಗೆಯುವುದಿಲ್ಲ. ಹುಲ್ಲಿನ ಕುಡಿಗೋ ತರಗೆಲೆಯ ಅಂಚಿಗೋ ಏರಿ, ಹಿಂಗಾಲುಗಳಿಂದ ಹಿಡಿದು, ಮುಂದಿನ ಎರಡು ಕಾಲುಗಳನ್ನು ಗಾಳಿಯಲ್ಲಿ ಚಾಚಿ ಕಾಯುತ್ತದೆ. ಆ ಮುಂಗಾಲುಗಳ ತುದಿಯ ಬಳಿ ಹ್ಯಾಲರ್ ಅಂಗ ಎಂಬ ಸಣ್ಣ ಗುಂಡಿ ಇದೆ. ನಮ್ಮ ಉಸಿರಿನ ಇಂಗಾಲದ ಡೈಆಕ್ಸೈಡ್, ಬೆವರಿನ ವಾಸನೆ, ಮೈಯ ಬಿಸಿ ಎಲ್ಲವೂ ಅಲ್ಲಿಗೆ ತಲುಪುತ್ತವೆ. ಸೌದೆಗೋ ದರಕು ಗುಡಿಸಲೋ ಹೋದವರ ಕಾಲು ತಾಗುವುದೇ ತಡ, ಹತ್ತಿಕೊಳ್ಳುತ್ತದೆ. ಈ ಉಣುಗಿನ ಬಾಳಿನಲ್ಲಿ ಮೂರು ಊಟ, ಮೂರು ಬೇರೆ ಬೇರೆ ಪ್ರಾಣಿಗಳ ಮೇಲೆ. ಆರು ಕಾಲಿನ ಮರಿಯಾಗಿ ಒಂದು, ಎಂಟು ಕಾಲಿನ ಎಳೆಯದಾಗಿ ಇನ್ನೊಂದು, ಬೆಳೆದ ಮೇಲೆ ದನಕರುಗಳಂಥ ದೊಡ್ಡ ಪ್ರಾಣಿಯ ಮೇಲೆ ಕೊನೆಯದು. ಮನುಷ್ಯರಿಗೆ ಕಾಯಿಲೆ ತರುವುದು ಹೆಚ್ಚಾಗಿ ನಡುವಿನ ಆ ಎಳೆಯ ಹಂತ. ಅದು ಎಷ್ಟು ಸಣ್ಣದೆಂದರೆ ಕಚ್ಚಿಕೊಂಡಿದ್ದೂ ಗೊತ್ತಾಗುವುದಿಲ್ಲ. ಮಳೆಗಾಲ ಮುಗಿದ ಮೇಲೆ ಇವುಗಳ ಸಂಖ್ಯೆ ಏರುವುದರಿಂದ ಡಿಸೆಂಬರ್‌ನಿಂದ ಮೇ ತಿಂಗಳವರೆಗೆ ಮಲೆನಾಡು ಭಯದಲ್ಲಿರುತ್ತದೆ. ಕಾಡಿಗೆ ಹೋಗುವ ಮೊದಲು ಕೈಕಾಲಿಗೆ ಡೇಪಾ ಎಣ್ಣೆ ಹಚ್ಚಿಕೊಳ್ಳಿ, ಬಂದ ಮೇಲೆ ಬಿಸಿನೀರಲ್ಲಿ ಸ್ನಾನ ಮಾಡಿ, ಸತ್ತ ಮಂಗ ಕಂಡರೆ ತಿಳಿಸಿ ಎಂದು ಆರೋಗ್ಯ ಕಾರ್ಯಕರ್ತೆಯರು ಮನೆಮನೆಗೆ ಹೇಳುವುದು ಈ ಪುಟ್ಟ ಜೀವಿಯ ಬಾಳಿನ ಕ್ರಮ ತಿಳಿದೇ.

ಮನೆಯ ನಾಯಿಯ ಮೈಮೇಲೆ ಎರಡೂ ಬಳಗ ಒಟ್ಟಿಗೆ ಸಿಗುತ್ತವೆ. ಕಿವಿಯ ಸಂದಿಯಲ್ಲಿ ಕಚ್ಚಿ ಕೂತು ಉಬ್ಬಿದ್ದು ಉಣುಗು, ರೋಮದ ನಡುವೆ ಓಡಿ ಚಂಗನೆ ನೆಗೆಯುವುದು ಚಿಗಟ. ಚಿಗಟ ಆರು ಕಾಲಿನ ಕೀಟ, ಮೊಟ್ಟೆ, ಹುಳು, ಕೋಶ ಎಂದು ರೂಪ ಬದಲಿಸಿ ಬೆಳೆಯುತ್ತದೆ. ಜೇಡದ ಮರಿ ಹಾಗಲ್ಲ. ಮೊಟ್ಟೆಚೀಲದಿಂದ ಹೊರಬಂದಾಗಲೇ ಅದು ಪುಟ್ಟ ಜೇಡ; ಪೊರೆ ಕಳಚುತ್ತ ದೊಡ್ಡದಾಗುವುದಷ್ಟೇ ಬಾಕಿ.

ಏಡಿಯ ನೆಂಟರು

ಜೇಡವನ್ನು ಕೀಟವೆಂದು ಕರೆದರೆ ಪ್ರಾಣಿಶಾಸ್ತ್ರ ಬಲ್ಲವರು ಮುಖ ಸಿಂಡರಿಸುತ್ತಾರೆ. ಆದರೆ ಪ್ರಾಣಿಗಳಿಗೆ ಎರಡು ಹೆಸರಿಡುವ ಪದ್ಧತಿಯನ್ನು ನೆಲೆಗೊಳಿಸಿದ ಕಾರ್ಲ್ ಲಿನೇಯಸ್ 1758ರ ತನ್ನ ಮಹಾಗ್ರಂಥದಲ್ಲಿ ಜೇಡ, ಚೇಳು, ಜರಿ, ಏಡಿ, ಹೇನು ಎಲ್ಲವನ್ನೂ ರೆಕ್ಕೆಯಿಲ್ಲದ ಕೀಟಗಳೆಂದು ಒಂದೇ ಕಡೆ ಇಟ್ಟಿದ್ದ. ಅವನದೇ ದೇಶದ ಕಾರ್ಲ್ ಕ್ಲೆರ್ಕ್ ಆಗಲೇ ಸ್ವೀಡನ್ನಿನ ಜೇಡಗಳ ಬಗ್ಗೆ ಚಿತ್ರಸಮೇತ ಪುಸ್ತಕ ತಂದಿದ್ದ, 1757ರಲ್ಲಿ. ಉಳಿದೆಲ್ಲ ಪ್ರಾಣಿಗಳ ವೈಜ್ಞಾನಿಕ ಹೆಸರುಗಳ ಲೆಕ್ಕ 1758ರಿಂದ ಆರಂಭವಾದರೆ ಜೇಡಗಳದು ಮಾತ್ರ ಕ್ಲೆರ್ಕನ ಪುಸ್ತಕದಿಂದ. ಜೇಡಗಳನ್ನು ಕೀಟಗಳಿಂದ ಬೇರ್ಪಡಿಸಿ ಪ್ರತ್ಯೇಕ ವರ್ಗ ಮಾಡಿದವನು ಫ್ರಾನ್ಸಿನ ಲಾಮಾರ್ಕ್, ಹತ್ತೊಂಬತ್ತನೇ ಶತಮಾನದ ಹೊಸ್ತಿಲಲ್ಲಿ.

ಬೇರ್ಪಡಿಸಿದ್ದು ಎಷ್ಟು ಸರಿ ಎಂಬುದು ಈಚಿನ ವಂಶವಾಹಿ ಅಧ್ಯಯನಗಳಿಂದ ಸ್ಪಷ್ಟವಾಗಿದೆ. ಎರಡೂ ವಂಶಗಳು 50 ಕೋಟಿ ವರ್ಷಗಳಿಗೂ ಹಿಂದೆ, ಜೀವಗಳು ಇನ್ನೂ ಕಡಲಲ್ಲೇ ಇದ್ದಾಗ ಕವಲೊಡೆದವು. ಕೀಟಗಳ ಹತ್ತಿರದ ನೆಂಟರು ಸೀಗಡಿ, ಏಡಿಗಳ ಬಳಗದವು. ಜೇಡದ ನೆಂಟನನ್ನು ಕಡಲಲ್ಲಿ ಹುಡುಕುವುದಾದರೆ ಒಡಿಶಾದ ತೀರದಲ್ಲಿ ಸಿಗುವ, ಹೆಸರಿಗಷ್ಟೇ ಏಡಿಯಾದ ಹಾರ್ಸ್‌ಶೂ ಏಡಿಯ ಬಳಿ ಹೋಗಬೇಕು. ಕುಂದಾಪುರದ ಅಡುಗೆಮನೆಯಲ್ಲಿ ಸೀಗಡಿ ಸುಕ್ಕ ಕುದಿಯುತ್ತಿರುವಾಗ ಗೋಡೆಯ ಮೇಲೆ ಹರಿಯುವ ಜಿರಲೆ ಆ ಸೀಗಡಿಗೆ ಹತ್ತಿರದ ಸಂಬಂಧಿ. ಜಿರಲೆಯನ್ನು ಹಿಡಿಯಲು ಹೊಂಚುವ ಜೇಡ ಇಬ್ಬರಿಗೂ ದೂರದವನು.

ಮೈಯೊಳಗೂ ಈ ದೂರ ಕಾಣುತ್ತದೆ. ಕೀಟದ ಮೈತುಂಬ ಗಾಳಿಯ ಕೊಳವೆಗಳು ಕವಲೊಡೆದು ಆಮ್ಲಜನಕವನ್ನು ನೇರವಾಗಿ ಅಂಗಾಂಗಗಳಿಗೆ ಒಯ್ಯುತ್ತವೆ. ಅದರ ರಕ್ತಕ್ಕೆ ಆ ಕೆಲಸ ಹೆಚ್ಚೇನಿಲ್ಲ. ಜೇಡದ ಹೊಟ್ಟೆಯಡಿ ಪುಸ್ತಕದ ಹಾಳೆಗಳಂತೆ ಪದರುಪದರಾದ ಶ್ವಾಸಕೋಶವಿದೆ, ರಕ್ತದಲ್ಲಿ ತಾಮ್ರ ಬೆರೆತ, ನೀಲಿ ಛಾಯೆಯ ಹೀಮೋಸಯನಿನ್ ಇದೆ. ಆ ರಕ್ತಕ್ಕೆ ಇನ್ನೊಂದು ಕೆಲಸವೂ ಉಂಟು. ಜೇಡದ ಕಾಲಿನ ಎರಡು ಮುಖ್ಯ ಕೀಲುಗಳಲ್ಲಿ ಮಡಚುವ ಸ್ನಾಯು ಇದೆ, ಚಾಚುವ ಸ್ನಾಯು ಇಲ್ಲ. ಜೆಸಿಬಿಯ ತೋಳು ಎಣ್ಣೆಯ ಒತ್ತಡದಿಂದ ನೀಳವಾಗುವಂತೆ ಜೇಡದ ಕಾಲು ರಕ್ತದ ಒತ್ತಡದಿಂದ ಚಾಚಿಕೊಳ್ಳುತ್ತದೆ. ಸತ್ತ ಜೇಡ ಎಂಟೂ ಕಾಲುಗಳನ್ನು ಹೊಟ್ಟೆಯಡಿ ಮುದುಡಿಕೊಂಡು ಬಿದ್ದಿರುವುದಕ್ಕೆ ಕಾರಣ ಇದೇ: ಒತ್ತಡ ಹೋಯಿತು, ಮಡಚುವ ಸ್ನಾಯುಗಳಷ್ಟೇ ಉಳಿದವು.

ನೂಲಿನ ವಿಷಯದಲ್ಲಿ ನಮ್ಮ ನಾಡಿನವರಿಗೆ ಸಹಜವಾಗಿ ಆಸಕ್ತಿ ಇರಬೇಕು. ರೇಷ್ಮೆ ಹುಳು ನೂಲುವುದು ಬಾಯಿಂದ, ಜೊಲ್ಲಿನ ಗ್ರಂಥಿಯಿಂದ, ಅದೂ ಮರಿಹುಳುವಾಗಿರುವಾಗ ಮಾತ್ರ. ಜೇಡ ನೂಲುವುದು ಹೊಟ್ಟೆಯ ಹಿಂತುದಿಯ ನೂಲುಗೊಳವೆಗಳಿಂದ, ಹುಟ್ಟಿದಾಗಿನಿಂದ ಸಾಯುವವರೆಗೆ. ಒಂದೇ ಜೇಡದಲ್ಲಿ ಬೇರೆ ಬೇರೆ ಗ್ರಂಥಿಗಳಿದ್ದು ನೇತಾಡಲು ಒಂದು, ಬೇಟೆಯನ್ನು ಸುತ್ತಲು ಒಂದು, ಮೊಟ್ಟೆಗೆ ಹೊದಿಸಲು ಒಂದು ಎಂದು ಹಲವು ಬಗೆಯ ಎಳೆ ತೆಗೆಯುತ್ತದೆ. ಆ ಗೇರು ಮರದಲ್ಲೇ ಎರಡೂ ವಿಧಾನಗಳು ಅಕ್ಕಪಕ್ಕ ಸಿಗುತ್ತವೆ. ಬೆಳೆದ ಚಗಳಿಗೆ ನೂಲಲು ಬಾರದು, ಅವು ತಮ್ಮ ಮರಿಹುಳುಗಳನ್ನು ದವಡೆಯಲ್ಲಿ ಹಿಡಿದು ಎಲೆಯಿಂದ ಎಲೆಗೆ ತಾಗಿಸುತ್ತ ಮರಿಯ ಬಾಯಿಯ ಎಳೆಯಿಂದ ಗೂಡು ಹೊಲಿಯುತ್ತವೆ. ವೇಷಧಾರಿ ಜೇಡ ತನ್ನದೇ ಹಿಂಭಾಗದ ನೂಲಿನಿಂದ ಎಲೆಯ ಮೇಲೆ ತನ್ನ ಪುಟ್ಟ ಡೇರೆ ಕಟ್ಟಿಕೊಳ್ಳುತ್ತದೆ.

ಜೇಡದ ನೂಲಿನಿಂದ ಬಟ್ಟೆ ನೇಯಲಾಗದೆ? ಮಡಗಾಸ್ಕರಿನಲ್ಲಿ ಸೈಮನ್ ಪಿಯರ್ಸ್ ಮತ್ತು ನಿಕೊಲಸ್ ಗಾಡ್ಲಿ ಹತ್ತು ಲಕ್ಷಕ್ಕೂ ಹೆಚ್ಚು ಹೊನ್ನಿನ ಬಣ್ಣದ ನೂಲಿನ ಜೇಡಗಳನ್ನು ಹಿಡಿಸಿ, ಎಳೆ ತೆಗೆದು, ಮತ್ತೆ ಬಿಟ್ಟು, ವರ್ಷಗಟ್ಟಲೆ ಶ್ರಮದಿಂದ ಒಂದು ವಸ್ತ್ರ ನೇಯಿಸಿ 2009ರಲ್ಲಿ ಪ್ರದರ್ಶಿಸಿದರು. ಬಣ್ಣ ಹಾಕದೆಯೇ ಅದು ಬಂಗಾರದಂತೆ ಹೊಳೆಯುತ್ತಿತ್ತು. ರೇಷ್ಮೆಯಂತೆ ಇದು ಸಾಕಣೆಯಾಗದಿರುವುದಕ್ಕೆ ಜೇಡಗಳ ಸ್ವಭಾವವೇ ಕಾರಣ. ಒಂದೇ ತಟ್ಟೆಯಲ್ಲಿ ಸಾವಿರ ರೇಷ್ಮೆ ಹುಳು ಒಟ್ಟಿಗೆ ಮೇಯುತ್ತವೆ. ಸಾವಿರ ಜೇಡಗಳನ್ನು ಒಟ್ಟಿಗೆ ಬಿಟ್ಟರೆ ಒಂದನ್ನೊಂದು ತಿನ್ನುತ್ತವೆ.

ತಪ್ಪು ಯಾರದು, ಏಟು ಯಾರಿಗೆ

ಮಳೆಗಾಲದಲ್ಲಿ ಬೆಳಿಗ್ಗೆ ಎದ್ದಾಗ ಕುತ್ತಿಗೆಯ ಮೇಲೋ ಕೆನ್ನೆಯ ಮೇಲೋ ಗೆರೆ ಎಳೆದಂತೆ ಕೆಂಪು ಬರೆ, ಉರಿ, ಮರುದಿನ ನೀರ್ಗುಳ್ಳೆ. ಜೇಡ ಹರಿದಿದೆ, ಜೇಡ ಉಚ್ಚೆ ಹೊಯ್ದಿದೆ ಎಂದು ಹಿರಿಯರು ಹೇಳುತ್ತಾರೆ. ಮನೆಯ ಜೇಡಗಳೆಲ್ಲ ಅಂದೇ ಪೊರಕೆಗೆ ಬಲಿ. ಇಂಥ ಗೆರೆಗುಳ್ಳೆಗಳಲ್ಲಿ ಬಹಳಷ್ಟಕ್ಕೆ ಕಾರಣ ಪೀಡರಸ್ ಎಂಬ ಕೀಟ. ಒಂದು ಸೆಂಟಿಮೀಟರಿಗಿಂತ ಚಿಕ್ಕದು, ಕಿತ್ತಳೆ ಮತ್ತು ಕಪ್ಪು ಪಟ್ಟೆ, ಉದ್ದನೆಯ ಮೈ, ಆರು ಕಾಲು, ಮುಂದೆ ದಾರದಂಥ ಎರಡು ಮೀಸೆ. ನೋಡಿದರೆ ದೊಡ್ಡ ಇರುವೆ ಎನಿಸುತ್ತದೆ, ಆದರೆ ದುಂಬಿಗಳ ಗಣದ್ದು. ಬೆನ್ನಿನ ಮೇಲಿನ ಗಿಡ್ಡ ಕವಚದಡಿ ರೆಕ್ಕೆಗಳನ್ನು ಮಡಚಿಟ್ಟುಕೊಂಡಿರುತ್ತದೆ. ಗದ್ದೆಯಲ್ಲಿ ಇದು ರೈತನ ಮಿತ್ರ, ಭತ್ತದ ಜಿಗಿಹುಳುಗಳನ್ನು ತಿನ್ನುತ್ತದೆ. ರಾತ್ರಿ ದೀಪದ ಬೆಳಕಿಗೆ ಹಾರಿ ಮನೆಗೆ ಬರುತ್ತದೆ. ಅದು ಕಚ್ಚುವುದೂ ಇಲ್ಲ, ಕುಟುಕುವುದೂ ಇಲ್ಲ. ನಿದ್ದೆಗಣ್ಣಲ್ಲಿ ನಾವು ಕೈಯಿಂದ ಒರೆಸಿ ಜಜ್ಜಿದಾಗ ಅದರ ಮೈಯೊಳಗಿನ ಪೀಡರಿನ್ ಎಂಬ ವಿಷ ಚರ್ಮಕ್ಕೆ ಅಂಟುತ್ತದೆ. ಈ ವಿಷವನ್ನು ತಯಾರಿಸುವುದು ಹೆಣ್ಣು ದುಂಬಿಯ ಮೈಯಲ್ಲಿ ನೆಲೆಸಿದ ಬ್ಯಾಕ್ಟೀರಿಯಾ. ಉರಿ ಶುರುವಾಗಲು ಒಂದು ದಿನವೇ ಹಿಡಿಯುವುದರಿಂದ ನಿಜವಾದ ಕಾರಣ ಕಣ್ಣಿಗೆ ಬೀಳುವುದಿಲ್ಲ. ಗೋಡೆಯ ಮೇಲಿನ ಜೇಡ ಬೀಳುತ್ತದೆ.

ಆ ಜೇಡಗಳು ಮಾಡುತ್ತಿರುವುದೇನು? ಬಚ್ಚಲಿನ ಗೋಡೆಯಲ್ಲಿ ಅಂಗೈಯಗಲ ಕಾಲು ಚಾಚಿ ಚಪ್ಪಟೆಯಾಗಿ ಕೂತ ದೊಡ್ಡ ಜೇಡ ಬಲೆ ನೇಯದೆ ರಾತ್ರಿಯಿಡೀ ಜಿರಲೆ ಬೇಟೆಯಾಡುತ್ತದೆ. ಅದರ ಹೆಣ್ಣು ಎದೆಯಡಿ ಬಿಳಿ ಬಿಲ್ಲೆಯಂಥ ಮೊಟ್ಟೆಚೀಲ ಹೊತ್ತು ತಿರುಗುವುದನ್ನು ನೀವು ಕಂಡಿರಬಹುದು. ಅಟ್ಟದ ಮೂಲೆಯ ಸಣಕಲು ಕಾಲಿನ ಜೇಡ ಮುಟ್ಟಿದರೆ ಗಿರಗಿರನೆ ನಡುಗುತ್ತದಲ್ಲ, ಅದರ ಬಲೆಗೆ ಸೊಳ್ಳೆಗಳೂ ಸಿಕ್ಕಿಬೀಳುತ್ತವೆ. ಜಗತ್ತಿನ ಜೇಡಗಳೆಲ್ಲ ಸೇರಿ ವರ್ಷಕ್ಕೆ 40ರಿಂದ 80 ಕೋಟಿ ಟನ್ ಬೇಟೆ ತಿನ್ನುತ್ತವೆ ಎಂದು 2017ರಲ್ಲಿ ಪ್ರಕಟವಾದ ನೈಫೆಲರ್ ಮತ್ತು ಬಿರ್ಕ್‌ಹೋಫರ್ ಅವರ ಅಂದಾಜು ಹೇಳುತ್ತದೆ. ಅದರಲ್ಲಿ ಬಹುಪಾಲು ಕೀಟಗಳೇ. ಸ್ವಿಟ್ಜರ್ಲೆಂಡಿನ ಬರ್ನ್ ನಗರದಲ್ಲಿ ಇಡಲಾಗುವ ವಿಶ್ವ ಜೇಡ ಸೂಚಿಯಲ್ಲಿ 2022ರಲ್ಲೇ 50,000 ಪ್ರಭೇದಗಳು ದಾಖಲಾದವು. ಒಂದು ಸಣ್ಣ ಕುಟುಂಬ ಬಿಟ್ಟರೆ ಹೆಚ್ಚುಕಡಿಮೆ ಎಲ್ಲಕ್ಕೂ ವಿಷ ಇದೆ ನಿಜ, ಆದರೆ ಅದು ನೊಣದ ಅಳತೆಯ ವಿಷ. ಮನುಷ್ಯರಿಗೆ ಅಪಾಯ ತರುವ ಪ್ರಭೇದಗಳು ಬೆರಳೆಣಿಕೆಯಷ್ಟು.

ಹಾಗಾಗಿ ಈ ಮಳೆಗಾಲದಲ್ಲಿ ತೋಳಿನ ಮೇಲೆ ಏನೋ ಹರಿದಂತಾದರೆ ಕೈ ಬೀಸುವ ಮೊದಲು ದೀಪ ಹಾಕಿ ನೋಡಿ. ಕಿತ್ತಳೆ ಮೈ, ಮುಂದೆ ಎರಡು ಮೀಸೆ ಕಂಡರೆ ಊದಿ ಹಾರಿಸಿ, ಇಲ್ಲವೇ ಕಾಗದದ ಚೂರಿಗೆ ಹತ್ತಿಸಿಕೊಂಡು ಹೊರಗೆ ಬಿಡಿ. ಆಗಲೇ ಜಜ್ಜಿಹೋಗಿದ್ದರೆ ಉರಿ ಬರುವವರೆಗೆ ಕಾಯದೆ ಆ ಜಾಗವನ್ನು ಸೋಪು ನೀರಿನಿಂದ ಚೆನ್ನಾಗಿ ತೊಳೆಯಿರಿ, ಆ ಕೈಯಿಂದ ಕಣ್ಣು ಉಜ್ಜಿಕೊಳ್ಳಬೇಡಿ. ಮಲಗುವ ಕೋಣೆಯ ಕಿಟಕಿಗೆ ಜಾಲರಿ ಹಾಕಿಸಿ, ಸಂಜೆಯಾದ ಮೇಲೆ ಹಾಸಿಗೆಯ ನೇರಕ್ಕಿರುವ ದೀಪ ಆರಿಸಿಡಿ. ಮೀಸೆ ಇಲ್ಲದ ಎಂಟು ಕಾಲಿನದು ಕಂಡರೆ ಒಂದು ಲೋಟ ಕವುಚಿ, ಕೆಳಗೆ ರಟ್ಟು ಜಾರಿಸಿ, ಎತ್ತಿ ಹಿತ್ತಲಿಗೆ ಬಿಟ್ಟರಾಯಿತು.